ಕಾಗದ ಸ್ಟೇಶನ್ನಿನ ಮಟ

ಜಮಖಂಡಿಯ ಮೋಟಾರು ಸ್ಟ್ಯಾಂಡಿನಲ್ಲಿ ನನಗೊಂದು ಟೇಬಲ್ಲು ಇತ್ತು. ಬೇವಿನ ಗಿಡದ ಕೆಳಗೆ, ಟಿಕೀಟು ಕೊಡುವ ಕಿಟಕಿಯ ಮಗ್ಗುಲಿಗೆ. ಅದರ ಒಂದು ಕಾಲು ಗಿಡ್ಡ, ಕೆಳಗೆ ಫರಶಿ ಕಲ್ಲಿನ ಚೂರು ಕೊಟ್ಟು ಸಮ ಮಾಡಿದ್ದೆ. ಆ ಟೇಬಲ್ಲಿನ ಮೇಲೆ ಮೊಳಕೈ ಊರಿ ಕೂತೆನೆಂದರೆ ಮಾಮಲೇದಾರರ ಕಚೇರಿಯಲ್ಲಿ ಕೂತವರಿಗಿಂತ ನಾನೇನು ಕಡಿಮೆ ಅನಿಸುತ್ತಿತ್ತು. ಈಗಲೂ ಹಾಗೇ ಅನಿಸುತ್ತದೆ, ಸುಳ್ಳು ಯಾಕೆ ಹೇಳಲಿ.

ಸಾಲಿ ಬಿಟ್ಟದ್ದು ನಾಲ್ಕನೆಯ ಇಯತ್ತೆಯಲ್ಲಿ. ಅಪ್ಪ ತೀರಿಕೊಂಡ ಮೇಲೆ ಬನಹಟ್ಟಿಯಲ್ಲಿ ನೇಕಾರರ ಮನೆಯಲ್ಲಿ ನೂಲಿನ ಕಂಡಿಕೆ ಸುತ್ತಿದೆ. ಆಮೇಲೆ ಮೋಟಾರು ತೊಳೆದೆ, ಕ್ಲೀನರ್ ಆದೆ, ಕಂಡಕ್ಟರ್ ಆದೆ. ಅಕ್ಷರವನ್ನು ಮಾಸ್ತರರಿಂದ ಕಲಿತದ್ದಕ್ಕಿಂತ ಪಾರ್ಸೆಲ್ಲಿನ ಮೇಲಿನ ಚೀಟಿ ಓದಿ ಕಲಿತದ್ದೇ ಹೆಚ್ಚು. ಮರಾಠಿ ನಮ್ಮ ಸೀಮೆಯಲ್ಲಿ ಕಲಿಯಬೇಕಾದ ಭಾಷೆಯೇ ಅಲ್ಲ, ಪ್ಯಾಟಿಗೆ ಹೋಗಿ ಬಂದರೆ ಮೈಗೆ ಹತ್ತಿಕೊಂಡು ಬರುತ್ತಿತ್ತು. ಇಂಗ್ಲೀಷು ಮಾತ್ರ ಫೌಜಿನ ಕಾಗದಗಳಿಂದ ಬಂತು. ಅದೂ ಬೇಕಾದಷ್ಟೇ.

ಸಂಸ್ಥಾನಗಳು ಹೋಗಿ ಮುಂಬಯಿ ಸರಕಾರ ಬಂದ ಹೊಸತು. ನಮ್ಮ ಕಡೆಯ ಹುಡುಗರು ಫೌಜಿಗೆ ಸೇರುವುದು ಮೊದಲಿನಿಂದಲೂ ಇತ್ತು, ಈಗ ಇನ್ನಷ್ಟು ಆಯಿತು. ರಜೆಗೆ ಬರುವವರು, ತಿರುಗಿ ಹೋಗುವವರು, ಭರತಿ ಮಾಡಿಕೊಳ್ಳಲು ಬರುವ ಸಾಹೇಬರ ತಂಡಗಳು. ಇವರೆಲ್ಲರ ಪ್ರಯಾಣದ ಬಂದೋಬಸ್ತು ನನ್ನ ಕೆಲಸ. ಮೋಟಾರು ಸರ್ವಿಸ್ಸಿನ ಮಾಲಕರು ಇದನ್ನು ನನಗೆ ಒಪ್ಪಿಸಿದ್ದು ನನ್ನ ಮೇಲಿನ ಪ್ರೀತಿಯಿಂದಲ್ಲ. ಫೌಜಿನ ಕಾಗದ ಕಂಡರೆ ಅವರಿಗೆ ತಲೆ ಸುತ್ತುತ್ತಿತ್ತು.

"ಇದನ್ನ ನೀ ನೋಡಪಾ," ಅಂದಿದ್ದರು. "ಇದರಾಗ ಒಂದ ಸಹಿ ತಪ್ಪಿದ್ರ ಪುಣೇದಿಂದ ವಾಪಸ್ ಬರತೈತಿ. ನನಗ ನನ್ನ ಸಹೀನ ದಿನಕ್ಕೊಂದ ಥರಾ ಆಗತೈತಿ."

ಕೆಲಸ ಹೀಗಿರುತ್ತಿತ್ತು. ಸಿಪಾಯಿ ರೈಲಿಗೆ ದುಡ್ಡು ಕೊಡುವಂತಿಲ್ಲ. ಅವನ ಪಲಟನ್ನಿನವರು ವಾರಂಟು ಎಂಬ ಕಾಗದ ಕೊಡುತ್ತಿದ್ದರು, ಅದನ್ನು ಸ್ಟೇಶನ್ನಿನಲ್ಲಿ ಕೊಟ್ಟರೆ ಟಿಕೀಟು. ಆದರೆ ವಾರಂಟು ರೈಲಿನಿಂದ ಇಳಿದಲ್ಲಿಗೆ ಮುಗಿಯಿತು. ಕುಡಚಿಯಲ್ಲಿ ಇಳಿದವನು ರಬಕವಿಗೋ ಜಮಖಂಡಿಗೋ ಮುಧೋಳಕ್ಕೋ ಬರಬೇಕಾದರೆ ನಮ್ಮ ಮೋಟಾರೇ ಆಗಬೇಕು. ಆ ದುಡ್ಡು ಅವನು ಕೈಯಿಂದ ಕೊಡಬೇಕು, ರಸೀತಿ ಇಟ್ಟುಕೊಳ್ಳಬೇಕು, ಪಲಟನ್ನಿಗೆ ಹೋಗಿ ಬಿಲ್ಲು ಮಾಡಿ ತಿರುಗಿ ಪಡೆಯಬೇಕು. ನಾನು ರಸೀತಿಗೆ ಠಸೆ ಹೊಡೆದು, ಬಿಲ್ಲಿನ ಒಕ್ಕಣೆಯನ್ನೂ ಬರೆದು ಕೊಡುತ್ತಿದ್ದೆ. ನಾನು ಬರೆದ ಬಿಲ್ಲು ವಾಪಸು ಬರುತ್ತಿರಲಿಲ್ಲ. ಒಮ್ಮೆ ಮಾತ್ರ ಒಬ್ಬ ಮೇಜರ್ ಸಾಹೇಬರ ತಂಡಕ್ಕೆ ಮುಧೋಳದ ಬಂಗ್ಲೆಯಲ್ಲಿ ಕೊಟ್ಟ ಚಹಾ ಖರ್ಚನ್ನು 'ಯಾತಕ್ಕೆ' ಎಂದು ಕೇಳಿದ್ದರು. 'ಸಾಹೇಬರು ಎರಡನೆಯ ಸಲ ಕೇಳಿದ್ದಕ್ಕೆ' ಎಂದು ಬರೆದು ಕಳಿಸಿದೆ. ಮಂಜೂರಾಯಿತು.

ಮೋಟಾರಿನಲ್ಲಿ ಡ್ರೈವರನ ಮಗ್ಗುಲಿನ ಸೀಟನ್ನು ಫೌಜಿನವರಿಗೆ ಅಂತಲೇ ಹಿಡಿದಿಡುತ್ತಿದ್ದೆ. ಅದಕ್ಕೆ ಹತ್ತಿಯ ಗಾದಿ ಹೊಲಿಸಿದ್ದೆ. ಜೋಡಿಗೆ ಡ್ರೈವರಗಳಿಗೆ ಒಂದು ಹುಕುಮ್ಮನ್ನೂ ಮಾಡಿದ್ದೆ: ಫೌಜಿನವ ಮಲಗಿದ್ದರೆ ಎಬ್ಬಿಸಬೇಡ. ರೈಲಿನಲ್ಲಿ ನಿಂತು, ಟ್ರಂಕಿನ ಮೇಲೆ ಕೂತು ಬಂದಿರುತ್ತಾರೆ. ನಮ್ಮ ಬೀಳಗಿ ಗಾಡಿಯ ಡ್ರೈವರ್ ಬಾಯಿಬಡಕ. ಒಮ್ಮೆ ಒಬ್ಬ ಹವಾಲ್ದಾರನನ್ನು ಅಲುಗಾಡಿಸಿ ಎಬ್ಬಿಸಿ, "ಅಲ್ರೀ, ತೋಪು ಹಾರಿಸಿದ್ರ ಕಿವಿ ಕೆಪ್ಪ ಆಗತೈತೇನ್ರಿ?" ಅಂತ ಕೇಳಿದ್ದನಂತೆ. ಆ ಹವಾಲ್ದಾರ ನನ್ನ ಟೇಬಲ್ಲಿಗೆ ಬಂದು ಗುದ್ದಿದ ಗುದ್ದಿಗೆ ಕೆಳಗಿನ ಫರಶಿಯ ಚೂರು ಜಾರಿತ್ತು. ಹುಕುಮ್ಮು ಆವತ್ತಿನದು.

ಇಷ್ಟು ಹೇಳಿದ್ದು ಯಾಕೆಂದರೆ, ಮುಂದಿನ ಫಜೀತಿಗೆ ಇದೆಲ್ಲವೂ ಕಾರಣ.

ಒಂದು ಸಲ ಭರತಿಯ ತಂಡ ಬಂದಾಗ ಹುಡುಗರ ಅರ್ಜಿ ತುಂಬುವ ಕೆಲಸವೂ ನನಗೇ ಬಿತ್ತು. ಸಾಲಿನಲ್ಲಿ ಒಬ್ಬ ಕುರುಬರ ಹುಡುಗ ಬಂದು ನಿಂತ. ಎತ್ತರದ ಆಳು, ಹೆಗಲ ಮೇಲೆ ಕಂಬಳಿ.

"ಮನಿ ಎಲ್ಲಿ?" ಅಂದೆ.

"ಯಾವಾಗ್ರಿ?" ಅಂದ.

"ಯಾವಾಗ ಅಂದ್ರ ಏನಲೇ? ಮನಿ ದಿನಾ ಬದಲಾಗತೈತೇನು?"

"ನಮ್ದು ಆಗತೈತ್ರಿ. ಮಳಿಗಾಲಕ್ಕ ತುಬಚಿ. ಬ್ಯಾಸಗ್ಯಾಗ ಬೀಳಗಿ ಕಡೆ, ಬಾಡಗಂಡಿ ಹೊಲದಾಗ. ನಡುವ ಎಲ್ಲಿ ಮೇವು ಐತಿ ಅಲ್ಲಿ."

ಸಾಲಿನಲ್ಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ. "ಇದರಾಗ ಒಂದ ಊರಿಗಿ ಜಾಗಾ ಐತಿ ನೋಡು."

"ಹಂಗಾರ ತುಬಚಿ ಬರೀರಿ. ನಮ್ಮ ದೇವರು ಬೀರಪ್ಪ ಅಲ್ಲೇ ಅದಾನ."

ತುಬಚಿ ಅಂತ ಬರೆದೆ. ಹತ್ತಿರದ ಸ್ಟೇಶನ್ನು ಅಂತ ಇದ್ದಲ್ಲಿ ಕುಡಚಿ ಬರೆದೆ. ಹುಡುಗ ಆರಿಸಿ ಬಂದ, ಹೋದ. ಹೋಗುವಾಗ ಅವನ ಹೆಂಡತಿ ಬಸುರಿ.

ಮೊದಲ ರಜೆ ಬರುವ ಹೊತ್ತಿಗೆ ಅವನ ಪಲಟನ್ನು ಗಡಿಗೆ ಹೋಯಿತು. ಅವನ ಕಾರ್ಡುಗಳು ನನ್ನ ಟೇಬಲ್ಲಿಗೇ ಬರುತ್ತಿದ್ದವು. ಕುರಿಯ ಹಿಂದೆ ಹೋಗಿ ಟಪಾಲು ಕೊಡು ಅಂತ ಯಾವ ಪೋಸ್ಟಮನ್ನಿಗೆ ಹೇಳುವುದು? ಅವನಪ್ಪ ಸಂತೆಗೆ ಬಂದಾಗ ನಾನು ಓದಿ ಹೇಳುತ್ತಿದ್ದೆ. ಮಗಳು ಹುಟ್ಟಿದ್ದನ್ನು ಅವನಿಗೆ ಬರೆದವನೂ ನಾನೇ, ಅವಳಿಗೆ ಹಲ್ಲು ಬಂದದ್ದನ್ನು ಬರೆದವನೂ ನಾನೇ. ಅವಳು ನಡೆಯಲು ಹತ್ತಿದ್ದನ್ನು ಬರೆದಾಗ ಅವನಿಂದ ಬಂದ ಕಾರ್ಡಿನಲ್ಲಿ ಬೇರೆ ಮಾತೇ ಇಲ್ಲ: 'ಎಷ್ಟು ದೂರ ನಡೀತಾಳ?'

ಕೊನೆಗೆ ಒಂದು ಬೇಸಗೆಯಲ್ಲಿ ರಜೆ ಮಂಜೂರಾದ ಕಾರ್ಡು ಬಂತು. ಸಣ್ಣ ರಜೆ. ಹೋಗಿಬರುವ ರೈಲೇ ಅದರಲ್ಲಿ ಬಹುಪಾಲು ತಿನ್ನುತ್ತದೆ. 'ಮಗಳನ್ನ ನೋಡಿ ಬರತೇನಿ, ಅಷ್ಟ ಸಾಕು. ಅಪ್ಪಗ ತಿಳಿಸ್ರಿ' ಅಂತ ಬರೆದಿದ್ದ.

ಆ ವಾರದ ಸಂತೆಗೆ ಮುದುಕ ಬಂದ. ಬಿಸಿಲಲ್ಲೂ ಕಂಬಳಿ, ತಲೆಗೆ ಕೆಂಪು ರುಮಾಲು.

"ಯಜ್ಜಾ, ಬರೂ ತಿಂಗಳ ನಿನ್ನ ಮಗ ಬರಾಕತ್ತಾನ," ಅಂದೆ.

ಮುದುಕ ಅಲ್ಲೇ ನೆಲಕ್ಕೆ ಕೂತ. ಸ್ವಲ್ಪ ಹೊತ್ತು ಗಿಡದ ಟೊಂಗೆ ನೋಡಿದ. ಆಮೇಲೆ, "ಕಾರಕೂನ್ರ, ಕಾಗದದಾಗ ಯಾವ ಊರು ಬರದೀರಿ?" ಅಂತ ಕೇಳಿದ.

ನಾನು ಯಾವ ಕಾರಕೂನನೂ ಅಲ್ಲ, ಆದರೆ ಹಾಗೆ ಕರೆದರೆ ತಿದ್ದುತ್ತಿರಲಿಲ್ಲ. "ತುಬಚಿ," ಅಂದೆ.

"ಹೂಂ," ಅಂದ. ತಂಬಾಕು ತಿಕ್ಕಿ ಬಾಯಿಗೆ ಹಾಕಿಕೊಂಡು ಎದ್ದು ಹೋದ.

ಅವನು ಹೋದ ಮೇಲೆ ನನ್ನ ತಲೆ ಓಡಿತು. ಬೇಸಗೆ ಇದು. ಕುರಿ ಎಲ್ಲ ಬಾಡಗಂಡಿ ಹೊಲದಲ್ಲಿ ತರುಬಿ ನಿಂತಿವೆ, ರಾತ್ರಿಯೆಲ್ಲ ಅಲ್ಲೇ ಕೂಡಿಹಾಕಿದರೆ ಹೊಲಕ್ಕೆ ಹಿಕ್ಕೆಯ ಗೊಬ್ಬರ. ಹುಡುಗ ಕುಡಚಿಯಲ್ಲಿ ಇಳಿದು, ಜಮಖಂಡಿಗೆ ಬಂದು, ಕೃಷ್ಣಾ ಹೊಳೆ ದಾಟಿ ತುಬಚಿಗೆ ಹೋದರೆ ಅಲ್ಲಿ ಇರುವವನು ಬೀರಪ್ಪ ಒಬ್ಬನೇ. ಬಾಗಲಕೋಟೆಯ ಸ್ಟೇಶನ್ನಿಗೆ ವಾರಂಟು ಮಾಡಿಸಿದರೆ ನೆಟ್ಟಗೆ ಬೀಳಗಿ ಕಡೆ ಬರಬಹುದು. ಕೂತು ಇಂಗ್ಲೀಷಿನಲ್ಲಿ ಅವನ ಪಲಟನ್ನಿಗೆ ಒಂದು ಪತ್ರ ಬರೆದೆ. ನಾಲ್ಕನೆಯ ಇಯತ್ತೆಯವನ ಪತ್ರ ನೋಡಿ ಅಲ್ಲಿನ ಸಾಹೇಬರು ಸ್ಟೇಶನ್ನು ಬದಲಿಸಿದರು. ಹಾಗಂತ ಹುಡುಗನೇ ಬರೆದ. ಆ ಕಾರ್ಡನ್ನು ಮಾಲಕರಿಗೆ ತೋರಿಸಿದೆ.

"ಕುಡಚಿಗಿ ಇಳಿದಿದ್ರ ನಮ್ಮ ಗಾಡ್ಯಾಗ ಪೂರಾ ದಾರಿ ಬರತಿದ್ದ," ಅಂದರು ಮಾಲಕರು. "ಬಾಗಲಕೋಟಿಗಿ ಇಳಿಸಿ ನನ್ನ ಹೊಟ್ಟಿಮ್ಯಾಲ ಕಾಲಿಟ್ಟಿ ನೋಡು."

"ಬಾಗಲಕೋಟಿಗಿ ಹೋಗೂ ಬೀಳಗಿ ಗಾಡೀನೂ ನಿಮ್ದ ಅಲ್ಲೇನ್ರಿ ಮಾಲಕ್ರ?"

"ನನ್ದ ಖರೆ. ಆದ್ರ ಆ ಡ್ರೈವರ್ ನನ್ನ ಮಾತು ಕೇಳಂಗಿಲ್ಲ, ನಿನ್ನ ಮಾತು ಕೇಳತಾನ."

ಮುದುಕನಿಗೆ ಮಾತ್ರ ಹೇಳಿ ಕಳಿಸಲಿಲ್ಲ. ಹೇಳುವುದೇನಿದೆ? ಅವನು ಇದ್ದಲ್ಲಿಗೇ ಮಗನನ್ನು ಕಳಿಸುತ್ತಿದ್ದೇನಲ್ಲ.

ಆ 'ಹೂಂ' ಅಂದದ್ದರೊಳಗೆ ಏನಿತ್ತು ಅನ್ನುವುದು ನನಗೆ ಗೊತ್ತಾದದ್ದು ಸಿಪಾಯಿ ನನ್ನ ಟೇಬಲ್ಲಿನ ಮುಂದೆ ಬಂದು ನಿಂತಾಗ. ಖಾಕಿಯ ಮೇಲೆ ಧೂಳು, ಕಣ್ಣು ಕೆಂಪು, ತಲೆಯ ಮೇಲೆ ಕರಿ ಟ್ರಂಕು. ಬೀಳಗಿ ಗಾಡಿಯಿಂದ ಆಗಷ್ಟೇ ಇಳಿದಿದ್ದ.

"ಎಲ್ಲಿ ಕಳಿಸಿದ್ರಿ ಕಾರಕೂನ್ರ ನನ್ನ?" ಅಂದ. ಸಿಟ್ಟಿನಿಂದ ಅಲ್ಲ, ದಣಿದು. "ಬಾಡಗಂಡ್ಯಾಗ ಕುರಿ ಹಿಕ್ಕಿ ಬಿಟ್ರ ಏನೂ ಇಲ್ಲ."

"ಇಲ್ಲ ಅಂದ್ರ?"

"ಹೊಲದ ಗೌಡ್ರು ನನ್ನ ಮ್ಯಾಲ ಹರಿಹಾಯ್ದ್ರು. 'ನಿಮ್ಮಪ್ಪ ಅರ್ಧಾ ಹೊಲಾ ತರುಬಿ, ಮಾತು ಮುರದು ಎದ್ದು ಹ್ವಾದ. ಕೇಳಿದ್ರ, ಫೌಜಿನ ಕಾಗದದಾಗ ತುಬಚಿ ಅಂತ ಐತಿ, ನಾವು ಬ್ಯಾರೆ ಕಡೆ ಸಿಕ್ರ ನನ್ನ ಮಗ ಸುಳ್ಳು ಬರಸ್ಯಾನ ಅಂತ ಹಿಡದ ಹಾಕ್ತಾರ ಅಂದ' ಅಂದ್ರು."

 ಮುದುಕ ಕಾಗದ ಹೇಳಿದ ಕಡೆ ಹೊರಟಿದ್ದಾನೆ, ನಾನು ಕಾಗದವನ್ನೇ ಅವನಿದ್ದ ಕಡೆ ತಿರುಗಿಸಿದ್ದೇನೆ.

ಹುಡುಗ ಬಾಡಗಂಡಿಯ ಸುತ್ತಿನ ಹಳ್ಳಿ ಎಲ್ಲ ಹುಡುಕಿದ್ದ. ಕುರಿಯವರು ಮೋಟಾರಿನ ರಸ್ತೆ ಹಿಡಿದು ಹೋಗುವುದಿಲ್ಲ. ಹಳ್ಳ, ಬೀಡು ಬಿದ್ದ ನೆಲ, ಮೇವು ನೋಡಿಕೊಂಡು ಸುತ್ತುಬಳಸಿ ಹೋಗುತ್ತಾರೆ. ಈಗ ಉಳಿದದ್ದು ಇವತ್ತು, ನಾಳೆ. ನಾಡದು ಮುಂಜಾನೆ ಬಾಗಲಕೋಟೆಯಲ್ಲಿ ರೈಲು ಹಿಡಿಯಲೇಬೇಕು. ಗಡಿಯ ಪಲಟನ್ನು, ತಡ ಆದರೆ ಬಿಡುವುದಿಲ್ಲ.

"ಹೊಳಿ ದಾಟಿ ತುಬಚಿಗಿ ಹೋಗ್ಲೇನ್ರಿ?" ಅಂದ. "ಅಲ್ಲಿಗಿ ಮುಟ್ಟಿರ್ಲಿಲ್ಲ ಅಂದ್ರ?"

ಮುಟ್ಟಿರಲಿಕ್ಕಿಲ್ಲ ಅಂತ ನನಗೂ ಗೊತ್ತಿತ್ತು. ಮರಿಗಳನ್ನು ಕಟ್ಟಿಕೊಂಡ ಹಿಂಡು ಅಷ್ಟು ಬೇಗ ನಡೆಯುವುದಿಲ್ಲ.

ಬೀಳಗಿ ಗಾಡಿಯ ಡ್ರೈವರ್ ಚಹಾ ಕುಡಿದು ಬಾಯಿ ಒರೆಸಿಕೊಳ್ಳುತ್ತ ಬಂದ. ನಮ್ಮ ಮಾರಿ ನೋಡಿ, "ಯಾರು ಸತ್ರು?" ಅಂದ.

"ಸುಮ್ಮ ಕೂಡು. ಇವರ ಕುರಿ ಕಳದಾವ."

"ಕುರಿ? ಬಿಳೇ ತಟ್ಟು ಕುದುರಿ ಇತ್ತೇನು? ತಟ್ಟಿನ ಮ್ಯಾಲ ಮರಿ ಹೇರಿದ್ರು, ನಡುವ ಒಂದ ಸಣ್ಣ ಹುಡುಗಿ ಕುಂತಿತ್ತು?"

ಹುಡುಗ ಟ್ರಂಕು ಕೆಳಗಿಟ್ಟ.

"ಈಗ ಬರೂಮುಂದ ಹಳ್ಳದಾಗ ಅಡ್ಡ ಬಂದಿದ್ವಲ್ರೀ!" ಅಂದ ಡ್ರೈವರ್. "ಹಿಂಡು ದಾಟೂತನಾ ಗಾಡಿ ನಿಲ್ಲಿಸೀನಿ. ಹಾರ್ನ್ ಒತ್ತಿದ್ರ ಒಬ್ಬ ಕೆಂಪ ರುಮಾಲಿನ ಮುದುಕ ಬಡಗಿ ತಗೊಂಡ ಬಂದ. 'ಸರಕಾರದ ಕೆಲಸಕ್ಕ ಹೊಂಟೀವಿ, ಬಾಯಿ ಮುಚ್ಚಸು ಅದರದು' ಅಂದ. ಕುರಿ ಕಾಯಾಂವಗ ಎಂಥಾ ಸರಕಾರದ ಕೆಲಸಪಾ ಅಂತ ನಾ ನಕ್ಕೆ."

"ಆಗ ಇಂವ ಎಲ್ಲಿದ್ದ?" ನಾನು ಸಿಪಾಯಿಯ ಕಡೆ ಬೊಟ್ಟು ಮಾಡಿದೆ.

"ನನ್ನ ಮಗ್ಗಲದಾಗ. ಟೊಪ್ಪಿಗಿ ಮಾರಿಮ್ಯಾಲ ಹಾಕ್ಕೊಂಡು ಗೊರಕಿ ಹೊಡ್ಯಾಕತ್ತಿದ್ದ."

"ಎಬ್ಬಸಬಾರ್ದೇನಲೇ!"

"ಎಬ್ಬಸಬ್ಯಾಡ ಅಂತ ಹೇಳಿದಾಂವ ಯಾರು? ನಾನೇನು?" ಅಂದ ಡ್ರೈವರ್. ಆಮೇಲೆ ಸಿಪಾಯಿಯ ಮಾರಿ ನೋಡಿ ದನಿ ಇಳಿಸಿದ. "ಆ ಕೂಸು ಗಾಡಿಗಿ ಕೈ ಬೀಸಿತ್ರಿ. ನಾನೂ ಬೀಸಿದೆ."

ಹುಡುಗ ತನ್ನ ಟೊಪ್ಪಿಗೆಯನ್ನು ತೆಗೆದು ಅದರ ಒಳಗೆ ನೋಡುತ್ತ ನಿಂತ.

ಗಾಡಿ ತಿರುಗಿ ಬೀಳಗಿಗೆ ಹೊರಡಲು ಇನ್ನೂ ಬಹಳ ಹೊತ್ತಿತ್ತು. ಮಾಲಕರು ಕಿಟಕಿಯ ಒಳಗೆ ಕೂತು ಎಲ್ಲ ಕೇಳಿಸಿಕೊಂಡಿದ್ದರು. ಒಂದು ಡಬ್ಬಿ ಪೆಟ್ರೋಲು ಹೆಚ್ಚು ಹೋದರೆ ಆ ದಿನ ಊಟ ಸೇರದ ಮನುಷ್ಯ. ಎದ್ದು ಹೊರಗೆ ಬಂದರು.

"ಗಾಡಿ ಬಿಡು," ಅಂದರು ಡ್ರೈವರಗೆ.

"ಇನ್ನೂ ಹೊತ್ತಾಗಿಲ್ರಿ ಮಾಲಕ್ರ. ಸೀಟೂ ತುಂಬಿಲ್ಲ."

"ತುಂಬಲಿಲ್ಲಂದ್ರ ನಾ ಕೂಡತೇನಿ. ಬಿಡಲೇ!"

ಖರೇನೇ ಬಂದು ಕೂತರು. ಸ್ಟ್ಯಾಂಡಿನಲ್ಲಿ ಇದ್ದವರನ್ನೆಲ್ಲ ಕೂಗಿ ಕರೆದೆವು. ಒಬ್ಬ ಮುದುಕಿ ಅರ್ಧ ತಿಂದ ಮಿರ್ಚಿ ಭಜಿ ಕೈಯಲ್ಲಿ ಹಿಡಿದೇ ಹತ್ತಿದಳು. ಹುಡುಗನನ್ನು ಮುಂದಿನ ಸೀಟಿಗೆ ಕೂಡು ಅಂದರೆ ಒಲ್ಲೆ ಅಂದ. ಬಾಗಿಲಲ್ಲಿ ಕಂಬಿ ಹಿಡಿದು ನಿಂತೇ ಬಂದ. ಆ ಗಾದಿಯ ಮೇಲೆ ನಾನು ಕೂತೆ. ಹೊಲಿಸಿದವ ನಾನೇ ಆದರೂ ಅದರ ಮೇಲೆ ಕೂತದ್ದು ಅದೇ ಮೊದಲು. ಹೌದು, ನಿದ್ದೆ ಬರುವಂಥ ಗಾದಿಯೇ.

ಹಳ್ಳದ ಆಚೆ ಹಿಂಡು ಕಂಡಿತು. ಹೊತ್ತು ಇಳಿಯುತ್ತಿತ್ತು, ಧೂಳೆಲ್ಲ ಕೆಂಪಾಗಿತ್ತು. ಗಾಡಿ ನಿಲ್ಲುವ ಮೊದಲೇ ಹುಡುಗ ಹಾರಿದ. ನಾಯಿಗಳು ಬೊಗಳುತ್ತ ಬಂದವು, ಹತ್ತಿರ ಬಂದದ್ದೇ ಬಾಲ ಅಲ್ಲಾಡಿಸಿ ಕಾಲಿಗೆ ಬಿದ್ದವು. ಅವು ಎರಡು ಮಾತಿಲ್ಲದೆ ಗುರುತು ಹಿಡಿದವು.

ಮುದುಕ ಮಾತ್ರ ಬಡಿಗೆ ಅಡ್ಡ ಹಿಡಿದು ನಿಂತ. "ಇಲ್ಯಾಕ ಬಂದೆಪಾ?" ಅಂದ. "ತುಬಚಿಗಿ ಹೋಗು. ನಾವು ನಾಳೆ ಸಂಜಿಮುಂದ ಬರತೇವಿ. ಅಲ್ಲೇ ಭೆಟ್ಟಿ ಆಗೂಣು."

"ಯಪ್ಪಾ, ನಾಡದು ಮುಂಜಾನೆ ಬಾಗಲಕೋಟ್ಯಾಗ ರೈಲು ಹಿಡೀಬೇಕು ನಾನು!"

"ಕಾಗದದಾಗ ತುಬಚಿ ಐತಿ. ನಿನಗ ಕೆಟ್ಟ ಹೆಸರು ಬರಬಾರ್ದು."

ನಾನು ಮುಂದೆ ಹೋದೆ. "ಯಜ್ಜಾ, ಕಾಗದ ಬದಲಿ ಆಗೈತಿ. ಈಗ ಅದರಾಗ ಬಾಗಲಕೋಟಿ ಐತಿ. ಬೇಕಾರ ವಾರಂಟು ನೋಡು."

ಹುಡುಗ ಕಿಸೆಯಿಂದ ತಿರುಗಿ ಹೋಗುವ ವಾರಂಟು ತೆಗೆದು ಹಿಡಿದ. ಮುದುಕ ಅದನ್ನು ಓದಲು ಬಾರದಿದ್ದರೂ ಬಹಳ ಹೊತ್ತು ನೋಡಿದ. ಆಮೇಲೆ ಹಿಂಡಿನ ಮುಂದೆ ಇದ್ದ ತನ್ನ ತಮ್ಮನ ಕಡೆ ತಿರುಗಿ, "ಏ, ಹಿಂದಕ ಹೊಡಿಯೋ! ಬಾಗಲಕೋಟಿ ಆಗೈತಂತ!" ಅಂತ ಕೂಗಿದ.

ಕುರಿ ಖರೇನೇ ತಿರುಗಲು ಹತ್ತಿದವು. ಮಾಲಕರು ಗಾಡಿಯೊಳಗಿಂದ ಹೊಟ್ಟೆ ಹಿಡಿದು ನಕ್ಕರು. ನಾನು ಮುದುಕನ ಬಡಿಗೆ ಹಿಡಿದುಕೊಂಡೆ.

"ತಡಿ ಯಜ್ಜಾ! ಕಾಗದ ಸ್ಟೇಶನ್ನಿನ ಮಟ ಅಷ್ಟ. ರೈಲು ಇಳದ ಮ್ಯಾಲ ಸರಕಾರ ಏನೂ ಕೇಳಂಗಿಲ್ಲ. ನೀ ಎಲ್ಲಿ ನಿಂತಿ ಅದ ಮನಿ."

"ಖರೇನ?"

"ಖರೇನ. ಇಷ್ಟು ವರ್ಷ ಇದ ಕೆಲಸಾ ಮಾಡೇನಿ."

ಮುದುಕ ನನ್ನ ಮಾರಿ ನೋಡಿದ, ಮಗನ ಮಾರಿ ನೋಡಿದ. ಬಡಿಗೆಯನ್ನು ನೆಲಕ್ಕೆ ಊರಿದ. "ಹಂಗಾರ ಇಲ್ಲೇ ತರುಬರಿ," ಅಂದ. ಆಮೇಲೆ ಮಗನ ತೋಳು ಮುಟ್ಟಿ, "ಸೊರಗಿಲ್ಲ," ಅಂದ. 

ಹುಡುಗನ ಕಣ್ಣು ತಟ್ಟಿನ ಕಡೆ. ಹೆಂಡತಿ ಕೂಸನ್ನು ಕೆಳಗಿಳಿಸಿ, ಸೆರಗು ಸರಿ ಮಾಡಿಕೊಂಡು ನಿಂತಿದ್ದಳು. ಅವನು ಎರಡೂ ಕೈ ಚಾಚಿ ಮೊಳಕಾಲ ಮೇಲೆ ಕೂತ. ಕೂಸು ಖಾಕಿ ನೋಡಿತು, ಬೂಟು ನೋಡಿತು, ಕಿರಿಚಿ ಅವ್ವನ ಸೀರೆಯೊಳಗೆ ಮಾರಿ ಹುಗಿಯಿತು. ಅವನು ಕರೆದ, ಸೀಟಿ ಹೊಡೆದ, ಟ್ರಂಕಿನಿಂದ ತಗಡಿನ ಗೊಂಬೆ ತೆಗೆದ. ಬರಲಿಲ್ಲ. ಇಷ್ಟು ದೂರ ಬಂದು ಹೀಗಾಯಿತಲ್ಲ ಅಂದುಕೊಂಡೆ.

"ಹಂಗ ಬರೂದಿಲ್ರೀ ಅದು," ಅಂದಳು ಹೆಂಡತಿ, ಗಂಡನಿಗೆ. ಮೊದಲ ಮಾತು ಅದೇ. "ಆ ಬೂಟು, ಅಂಗಿ ತಗದ ಬರ್ರಿ."

ಹುಡುಗ ಬೂಟು ಬಿಚ್ಚಿದ. ಅಂಗಿ ಬಿಚ್ಚಿದ. ಅಪ್ಪನ ಹೆಗಲಿನ ಕಂಬಳಿ ತೆಗೆದು ತಲೆಯ ಮೇಲಿಂದ ಕೊಪ್ಪೆ ಹಾಕಿಕೊಂಡು ಮರಿಗಳ ನಡುವೆ ಹೋಗಿ ಕೂತ, ಯಾರನ್ನೂ ಕರೆಯದೆ. ಒಂದು ಮರಿಯನ್ನು ಎತ್ತಿ ತೊಡೆಯ ಮೇಲೆ ಇಟ್ಟುಕೊಂಡ. ಸ್ವಲ್ಪ ಹೊತ್ತಿಗೆ ಕೂಸು ಸೀರೆಯಿಂದ ಹೊರಗೆ ಬಂತು. ನೆಟ್ಟಗೆ ನಡೆದು ಹೋಗಿ ಮರಿಯನ್ನು ಆ ಕಡೆ ದೂಡಿ ಅದರ ಜಾಗದಲ್ಲಿ ತಾನು ಕೂತಿತು.

ಅಷ್ಟು ದೂರ ನಡೆಯುತ್ತಾಳೆ ಅಂತ ಅವನಿಗೆ ಇನ್ನು ಬರೆಯಬೇಕಾಗಿರಲಿಲ್ಲ.

"ನಡೀರಿ," ಅಂದರು ಮಾಲಕರು. "ಆ ಮುದುಕೀ ಮಿರ್ಚಿ ಆರಾಕತ್ತೈತಿ."

ಮೂರನೆಯ ದಿನ ನಸುಕಿನಲ್ಲಿ ಗಾಡಿಯನ್ನು ಅಲ್ಲಿಗೇ ಕಳಿಸಿದೆವು. ಹುಡುಗ ರೈಲು ಹಿಡಿದ. ಮುದುಕ ಕುರಿ ತಿರುಗಿಸಿಕೊಂಡು ಬಾಡಗಂಡಿಗೆ ಹೋಗಿ ಗೌಡರ ಉಳಿದ ಹೊಲವನ್ನೂ ತರುಬಿ ಮಾತು ಉಳಿಸಿಕೊಂಡ. ಬಿಲ್ಲಿನಲ್ಲಿ ಬಾಗಲಕೋಟೆಯಿಂದ ಬಾಡಗಂಡಿಯ ಮಟ ಅಷ್ಟೇ ಬರೆದುಕೊಟ್ಟೆ. ಮಲಗಿಕೊಂಡು ತನ್ನ ಮನೆಯನ್ನು ದಾಟಿ ಹೋದದ್ದಕ್ಕೆ ಯಾವ ಸರಕಾರವೂ ದುಡ್ಡು ಕೊಡುವುದಿಲ್ಲ. ಆ ದಾರಿಯ ಟಿಕೀಟನ್ನು ಮಾಲಕರು ಕೇಳಲಿಲ್ಲ. ಅದರ ಬದಲಿಗೆ ಅನ್ನುವ ಹಾಗೆ ಮುಂದಿನ ಸಂತೆಗೆ ಮುದುಕ ಒಂದು ಹೊಸ ಕಂಬಳಿ ತಂದು, "ಆ ಸೀಟಿಗಿ ಹಾಸ್ರಿ, ಗಾದಿ ಬಾಳ ಮೆತ್ತಗಾಗೈತಂತ," ಅಂದ.

ಹಾಸಿದೆವು. ಚುಚ್ಚುತ್ತಿತ್ತು. ಫೌಜಿನವರು ಮೊದಲಿನಷ್ಟು ಮಲಗುತ್ತಿರಲಿಲ್ಲ.

ನನ್ನ ಕೆಲಸದಲ್ಲೂ ಒಂದು ಹೊಸ ರೂಢಿ ಬಂತು. ದಿನಾ ಸಂಜೆ ಡ್ರೈವರಗಳು ಬಂದು ಯಾವ ಹಿಂಡು ಎಲ್ಲಿ ಕಂಡಿತು ಅಂತ ಹೇಳುವುದು, ರಜೆಗೆ ಬರುವ ಹುಡುಗನಿಗೆ ನಾನು ಈ ಸಲ ಕುಡಚಿ, ಈ ಸಲ ಬಾಗಲಕೋಟೆ ಅಂತ ಬರೆಯುವುದು, ಅದನ್ನು ಅವನ ಅಪ್ಪನಿಗೂ ಮರೆಯದೆ ಹೇಳಿ ಕಳಿಸುವುದು. ಭರತಿಯಲ್ಲಿ ಕುರುಬರ ಹುಡುಗ ಯಾರಾದರೂ "ಯಾವಾಗ್ರಿ?" ಅಂದರೆ ಸಾಲಿನವರು ನಗುತ್ತಿದ್ದರು, ನಾನು ನಗುತ್ತಿರಲಿಲ್ಲ.

ಡ್ರೈವರಗಳ ಹುಕುಮ್ಮನ್ನೂ ಬದಲಿಸಿದೆ: ಮಲಗಲಿ, ಆದರೆ ಕುರಿ ಅಡ್ಡ ಬಂದರೆ ಎಬ್ಬಿಸು. ಬೀಳಗಿ ಗಾಡಿಯವ ಅದನ್ನು ಅಕ್ಷರಕ್ಕೆ ಅಕ್ಷರ ಪಾಲಿಸಿದ. ರಬಕವಿಯ ಒಬ್ಬ ಸುಬೇದಾರರು, ನೇಕಾರರ ಮನೆಯವರು, ಅದೇ ಹಳ್ಳದಲ್ಲಿ ದಡಕ್ಕನೆ ಎಚ್ಚರಾಗಿ "ಏನಾತು?" ಅಂದರಂತೆ.

"ಕುರಿ ಬಂದಾವ್ರಿ ಸಾಹೇಬ್ರ."

ಸುಬೇದಾರರು ಹಿಂಡನ್ನು ಒಮ್ಮೆ ಈ ತುದಿಯಿಂದ ಆ ತುದಿಯವರೆಗೆ ನೋಡಿದರಂತೆ. "ನಮ್ಮವಲ್ಲ," ಅಂದು ತಿರುಗಿ ಮಲಗಿದರಂತೆ.